ಒಂದು ಹುದ್ದೆಗೆ ಇಬ್ಬರು ಟೀಚರು

ನಮ್ಮ ಶಾಲೆಯಲ್ಲಿ ಗಣಿತದ ಹುದ್ದೆ ಇದ್ದದ್ದು ಒಂದೇ. ಅದಕ್ಕೆ ಟೀಚರು ಮಾತ್ರ ಇಬ್ಬರಿದ್ದೆವು.

ಕೊಪ್ಪದಿಂದ ನಾನು ದಿನಾ ಬಸ್ಸಿನಲ್ಲಿ ಹೋಗಿಬರುತ್ತಿದ್ದ ಅನುದಾನಿತ ಹೈಸ್ಕೂಲು ಅದು. ಹಳೇ ಮೇಷ್ಟ್ರು ನಿವೃತ್ತರಾದಾಗ ಆಡಳಿತ ಮಂಡಳಿಯ ಅಧ್ಯಕ್ಷರು ನನ್ನನ್ನು ನೇಮಿಸಿಕೊಂಡರು. ಶಿಕ್ಷಣ ಇಲಾಖೆ ಅನುಮೋದನೆ ಕೊಟ್ಟರೆ ಮಾತ್ರ ಕೆಲಸ ಗಟ್ಟಿ, ಸರ್ಕಾರದ ಸಂಬಳ. ಅಷ್ಟರಲ್ಲಿ ಅಧ್ಯಕ್ಷರಿಗೂ ಕಾರ್ಯದರ್ಶಿಗೂ ಜಗಳವಾಗಿ ಮಂಡಳಿಯೇ ಒಡೆಯಿತು. ಮಳೆಗಾಲ ಮುಗಿಯುವ ಹೊತ್ತಿಗೆ ಕಾರ್ಯದರ್ಶಿಗಳು ಅದೇ ಹುದ್ದೆಗೆ ಮುತ್ತಿನಕೊಪ್ಪ ಕಡೆಯ ಇನ್ನೊಬ್ಬರನ್ನು ನೇಮಿಸಿ ಕಳಿಸಿದರು.

ಅವರು ಬಂದ ದಿನ ನಾನು ಹತ್ತನೇ ಕ್ಲಾಸಿನಲ್ಲಿ ಪ್ರಮೇಯ ಸಾಧಿಸಿ ತೋರಿಸುತ್ತಿದ್ದೆ. ಕಿಟಕಿಯಾಚೆ ಹೊಸ ಸೀರೆಯುಟ್ಟು ನಿಂತಿದ್ದರು. ಯಾರೋ ಮಕ್ಕಳ ತಾಯಿ ಅಂದುಕೊಂಡೆ. ನನ್ನ ಹುದ್ದೆಗೇ ಬಂದವರೆಂದು ಗೊತ್ತಾದದ್ದು ಗಂಟೆ ಹೊಡೆದ ಮೇಲೆ.

ಹೆಡ್‌ಮಾಸ್ಟರಿಗೆ ಯಾರನ್ನೂ ಬೇಡವೆನ್ನುವ ಧೈರ್ಯವಿರಲಿಲ್ಲ. ಹತ್ತನೆಯದು ನನಗೆ, ಉಳಿದವು ಅವರಿಗೆ ಎಂದು ಹಂಚಿದರು. ಸ್ಟಾಫ್ ರೂಮಿನಲ್ಲಿ ಒಂದೇ ಮೇಜಿನ ಎರಡು ಬದಿಗೆ ಕೂತು ಊಟ ಮಾಡುತ್ತಿದ್ದೆವು. ಮಾತು ಹವಾಮಾನ ದಾಟುತ್ತಿರಲಿಲ್ಲ. ಅವರಿಗೆ ಇಬ್ಬರು ಸಣ್ಣ ಮಕ್ಕಳು, ಗಂಡನಿಗೆ ಖಾಯಂ ಕೆಲಸವಿಲ್ಲ ಎಂದು ಬೇರೆಯವರಿಂದ ತಿಳಿಯಿತು. ತಿಳಿಯದಿದ್ದರೇ ಚೆನ್ನಾಗಿತ್ತು.

ಇಲಾಖೆ ಇಬ್ಬರ ನೇಮಕವನ್ನೂ ತಿರಸ್ಕರಿಸಿತು. ಇಬ್ಬರೂ ಹೈಕೋರ್ಟಿಗೆ ಹೋದೆವು. ಇಬ್ಬರನ್ನೂ ಕರೆಸಿ ಕೇಳಿ ತೀರ್ಮಾನಿಸಿ ಎಂದು ಕೋರ್ಟು ಇಲಾಖೆಗೆ ಹೇಳಿತು. ನಾನು ಮೊದಲು ಸೇರಿಯೇ ಇರಲಿಲ್ಲ, ಆದೇಶವೂ ಹಾಜರಿಯೂ ಆಮೇಲೆ ಹುಟ್ಟಿಸಿದ್ದು ಎಂಬುದು ಕಾರ್ಯದರ್ಶಿಗಳ ವಾದ. ಪಾಠ ಮಾಡಿದವಳು ನಾನು; ಆದರೆ ಹೆಡ್ ಮೇಷ್ಟ್ರು ಯಾರ ಪರವೂ ಸಾಕ್ಷಿ ಹೇಳುವವರಲ್ಲ, ಮಾಡಿದ್ದೇನೆ ಎಂದು ತೋರಿಸುವುದು ಹೇಗೆ? ಬಸ್ಸಿನಲ್ಲಿ, ಅಡುಗೆಮನೆಯಲ್ಲಿ ಅದೇ ಯೋಚನೆ. ಅನ್ನ ಎರಡು ಸಲ ಸೀದುಹೋಯಿತು.

ವಿಚಾರಣೆಗೆ ಚಿಕ್ಕಮಗಳೂರಿಗೆ ಹೊರಟ ದಿನ, ಬಾಳೆಹೊನ್ನೂರಿನಲ್ಲಿ ಅವರೂ ಅದೇ ಬಸ್ಸು ಹತ್ತಿದರು. ಸೀಟು ಖಾಲಿಯಿದ್ದದ್ದು ನನ್ನ ಪಕ್ಕದಲ್ಲೇ. ಕೂತರು. 

ಇಲಾಖೆಯ ಅಧಿಕಾರಿ ಎಲ್ಲರ ವಾದ ಕೇಳಿ, ಕೊನೆಗೆ ನನ್ನನ್ನು ತೋರಿಸಿ ಆ ಟೀಚರನ್ನು ಕೇಳಿದರು. "ನೀವು ಸೇರೋಕೆ ಹೋದಾಗ ಇವರು ಅಲ್ಲಿ ಕೆಲಸ ಮಾಡ್ತಿದ್ರೇನಮ್ಮಾ?"

ಕಾರ್ಯದರ್ಶಿಗಳು ಕೆಮ್ಮಿದರು. 

"ಇದ್ರು ಸಾರ್," ಅಂದರು ಆ ಟೀಚರು. "ಹತ್ತನೇ ಕ್ಲಾಸಿಗೆ ಪಾಠ ಮಾಡ್ತಿದ್ರು. ನಾನು ಹೊರಗೆ ನಿಂತು ನೋಡ್ದೆ."

"ನೋಡ್ಕೊಂಡು ಹೇಳಿ, ಇದು ನಿಮಗೇ ತೊಂದರೆ."

"ಗೊತ್ತು ಸಾರ್."

ಹೊರಗೆ ಬಂದಾಗ ಕಾರ್ಯದರ್ಶಿಗಳು ಅವರನ್ನು ಬಿಟ್ಟು ಕಾರು ಹತ್ತಿ ಹೋಗಿದ್ದರು. ಅವರು ಗೇಟಿನ ಹತ್ತಿರ ಒಬ್ಬರೇ ನಿಂತಿದ್ದರು. ಏನು ಹೇಳಬೇಕೆಂದು ತೋಚದೆ, "ಯಾಕೆ ಹಾಗೆ ಹೇಳಿದ್ರಿ?" ಅಂದೆ.

"ಎಂತ ಮಾಡ್ಲಿ ಮಾರಾಯ್ತಿ, ಕಂಡದ್ದನ್ನ ಕಂಡಿಲ್ಲ ಅನ್ನೋಕೆ ಬಾಯಿ ಬರ್ಲಿಲ್ಲ," ಎಂದು ಮುಖ ತಿರುಗಿಸಿದರು. ಅಳುತ್ತಿದ್ದರು. ಮುಟ್ಟಿ ಸಮಾಧಾನ ಮಾಡುವ ಹಕ್ಕು ನನಗಿದೆಯೆಂದು ಅನ್ನಿಸಲಿಲ್ಲ.

ಬೇಸಿಗೆ ರಜೆಯಲ್ಲಿ ನನ್ನ ನೇಮಕಕ್ಕೆ ಅನುಮೋದನೆ ಬಂತು. ಮನೆಯವರು ಪಾಯಸ ಮಾಡು ಅಂದರು, ಮಾಡಿದೆ, ತಿನ್ನಲಾಗಲಿಲ್ಲ. ಆ ಟೀಚರು ಶೃಂಗೇರಿಯ ಒಂದು ಖಾಸಗಿ ಶಾಲೆ ಸೇರಿದರೆಂದು ಕೇಳಿದೆ. ಕಾರ್ಯದರ್ಶಿಗಳ ಕಡೆಯವರು ಮತ್ತೆ ಮೇಲ್ಮನವಿ ಹಾಕುತ್ತಾರಂತೆ ಎಂಬ ಸುದ್ದಿ ಬಹಳ ಕಾಲ ಹಬ್ಬಿತ್ತು. ಹಾಕಲಿಲ್ಲ. ಆದರೂ ಪೋಸ್ಟ್‌ಮ್ಯಾನ್ ಸೈಕಲ್ಲು ಶಾಲೆಯ ಗೇಟು ಹೊಕ್ಕರೆ ಪಾಠ ನಿಲ್ಲಿಸಿ ಕಿಟಕಿಯತ್ತ ನೋಡುವುದು ಬಿಡಲಿಲ್ಲ.

ಕೆಲವು ವರ್ಷಗಳ ನಂತರ ಶೃಂಗೇರಿಯಲ್ಲಿ ವಿಜ್ಞಾನ ವಸ್ತುಪ್ರದರ್ಶನಕ್ಕೆ ಮಕ್ಕಳನ್ನು ಕರೆದುಕೊಂಡು ಹೋಗಿದ್ದೆ. ಅವರೂ ತಮ್ಮ ಶಾಲೆಯ ಮಕ್ಕಳ ಜೊತೆ ಬಂದಿದ್ದರು. ನಾನೇ ಹತ್ತಿರ ಹೋದೆ. ಒಂದು ಕ್ಷಣ ನೋಡಿದರು. ಆಮೇಲೆ ಬೆಂಚಿನ ಮೇಲಿದ್ದ ತಮ್ಮ ಚೀಲ ಎತ್ತಿ ಜಾಗ ಮಾಡಿಕೊಟ್ಟು, "ನಿಮ್ಮ ಮಕ್ಕಳು ಎಂತ ಮಾಡ್ಕೊಂಡು ಬಂದಿದಾರೆ, ತೋರ್ಸಿ," ಅಂದರು.