ಡ್ರಮ್ ಭಾವ

ನಮ್ಮ ಭಾವ ತಿಪ್ಪೇಸ್ವಾಮಿ ಊಟಕ್ಕೆ ಕೂತರೆ ಅಕ್ಕ ಮೊದಲು ಅವರ ಮುಂದಿನ ಚೊಂಬು, ಲೋಟಗಳನ್ನು ಎತ್ತಿ ದೂರ ಇಡುತ್ತಿದ್ದಳು. ಇಲ್ಲದಿದ್ದರೆ ಮುದ್ದೆ ಆರಿಹೋಗುತ್ತಿತ್ತೇ ಹೊರತು ಅವರ ಬೆರಳು ಸುಮ್ಮನಾಗುತ್ತಿರಲಿಲ್ಲ. ಆಗ ಅವರು ಬೆಂಗಳೂರಿನ ಒಂದು ರಾಕ್ ಬ್ಯಾಂಡಿನಲ್ಲಿ ಡ್ರಮ್ಮರ್. ಸಿನಿಮಾ ಹಾಡು ಮುಟ್ಟದೆ, ತಾವೇ ಕಟ್ಟಿದ ಕನ್ನಡ ಹಾಡುಗಳನ್ನು ಕಿರುಚಿ ಹಾಡುವ ತಂಡ ಅದು.

ಇದನ್ನು ಚಳ್ಳಕೆರೆಯಲ್ಲಿ ಅರ್ಥ ಮಾಡಿಸುವುದು ಕಷ್ಟ. ಎಣ್ಣೆ ಮಿಲ್ಲುಗಳ ಊರು ನಮ್ಮದು. ಇಲ್ಲಿ ಡ್ರಮ್ ಎಂದರೆ ಎಣ್ಣೆ ತುಂಬುವ ಡ್ರಮ್ಮೇ. "ಹುಡುಗ ಬೆಂಗಳೂರಾಗೆ ಡ್ರಮ್ ಇಟ್ಕಂಡವ್ನೆ" ಎಂದು ಮೊಳಕಾಲ್ಮೂರಿನಿಂದ ಸಂಬಂಧ ಬಂದಾಗ, ಮಿಲ್ಲಿನಲ್ಲಿ ಮೇಸ್ತ್ರಿಯಾಗಿದ್ದ ಅಪ್ಪನಿಗೆ ಹಿಗ್ಗೋ ಹಿಗ್ಗು. ಹೆಣ್ಣು ನೋಡಲು ಬಂದ ದಿನ ವಿಚಾರಣೆ ಶುರುವಾಯಿತು.

"ಎಷ್ಟ್ ಡ್ರಮ್ ಅದಾವೆ?"

"ಐದ್ ಅದಾವ್ರಿ."

"ಐದೇನಾ? ಬಾಡಿಗಿಗೆ ಬಿಡ್ತೀರೇನು?"

"ಇಲ್ರಿ, ನಾನೇ ಬಡೀತೀನಿ."

"ಯಾಕ್ ಬಡೀತೀರಿ? ಸೋರ್ತಾವಾ?"

ಒಳಗಿದ್ದ ಅಕ್ಕ ಬಿದ್ದು ಬಿದ್ದು ನಕ್ಕಳು. ವಿಷಯ ತಿಳಿದ ಅಪ್ಪ ಮುಖ ಸಿಂಡರಿಸಿಕೊಂಡು ಈ ಸಂಬಂಧ ಬೇಡ ಎಂದರೂ ಅವಳು ಪಟ್ಟು ಬಿಡಲಿಲ್ಲ. "ನೋಡಾಕ್ ಬಂದೋರ್‌ನಾಗೆ ನನ್ನ ನಗಿಸಿದ್ದು ಇವರೊಬ್ರೇ ಕಣಪ್ಪ. ಮದ್ವಿ ಆದ್ರೆ ಇವರನ್ನೇ ಆಗ್ತೀನಿ."

ಮದುವೆಯಾದ ಮೇಲೂ ಕಾಲೇಜು, ಹೋಟೆಲು, ಹೊರರಾಜ್ಯ ಎಂದು ಬ್ಯಾಂಡ್ ಸುತ್ತಿತು. ಹೆಸರೂ ಬಂತು. ಅದರ ಜೊತೆಗೇ ಭಾವನ ಎಡಗಿವಿ ಹೋಯಿತು. ಬಲಗಿವಿಯೂ ಗುಂಯ್‌ಗುಡತೊಡಗಿದಾಗ, ಇನ್ನು ಬಾರಿಸಿದರೆ ಅದೂ ಉಳಿಯುವುದಿಲ್ಲ ಎಂದು ಡಾಕ್ಟರು ಕಡ್ಡಿ ಮುರಿದಂತೆ ಹೇಳಿದರು. ಗಂಡ ಹೆಂಡತಿ ನಮ್ಮೂರ ಹತ್ತಿರದ ತಳಕಿಗೆ ಬಂದು ಮಂಡಕ್ಕಿ-ಮೆಣಸಿನಕಾಯಿ ಅಂಗಡಿ ಇಟ್ಟರು. ಭಾವ ಕೊರಗಿ ಹಾಸಿಗೆ ಹಿಡಿಯುತ್ತಾರೆಂದು ನಾವೆಲ್ಲ ಹೆದರಿದ್ದೆವು. ಅವರೋ ಬಾಣಲೆ ಮುಂದೆ ಆರಾಮಾಗಿ ನಿಂತು, ಬಂದವರನ್ನೆಲ್ಲ ಮಾತಾಡಿಸುತ್ತ ಮೈ ತುಂಬಿಕೊಂಡರು. ಅಕ್ಕನಿಗೆ ಮಾತ್ರ ಒಳಗೊಳಗೇ ಅಳುಕು. ಬ್ಯಾಂಡಿನವರು ಕರೆದರೆ ಇವರು ಹೋಗಿಯೇ ಬಿಡುತ್ತಾರೆ ಎಂದು.

ಕರೆಯೂ ಬಂತು. ಹೋದ ಯುಗಾದಿ ಕಳೆದ ಮೇಲೆ, ನಾನು ಅಲ್ಲಿದ್ದಾಗಲೇ, ಬ್ಯಾಂಡಿನ ಹಳೆಯ ಗೆಳೆಯ ಕಾರಿನಲ್ಲಿ ಬಂದಿಳಿದ. "ಲೇ ತಿಪ್ಪೇಶಿ, ಕೊನೇ ಶೋ ಕಣೋ. ನೀನಿಲ್ದೆ ಹೆಂಗೋ? ಒಂದೇ ಒಂದ್ ಸಂಜೆ."

ಭಾವನ ಕಣ್ಣು ಹೊಳೆದದ್ದನ್ನು ನಾನೇ ನೋಡಿದೆ. ಅಕ್ಕ ತಲೆ ಬಗ್ಗಿಸಿ ಈರುಳ್ಳಿ ಹೆಚ್ಚುತ್ತಿದ್ದಳು. ಬೇಡ ಅನ್ನಲಿಲ್ಲ, ಹೋಗಿ ಅಂತಲೂ ಅನ್ನಲಿಲ್ಲ.

"ಆಸೆ ಐತೆ ಕಣಲೇ, ಇಲ್ಲ ಅಂದ್ರೆ ಸುಳ್ಳಾಗ್ತೈತೆ. ಆದ್ರೆ ಬರಲ್ಲ. ಬೇರೆಯೋರನ್ನ ನೋಡ್ಕ" ಎಂದರು ಭಾವ.

ಗೆಳೆಯ ಮೆಣಸಿನಕಾಯಿ ತಿಂದು, ಭಾವನನ್ನು ಗಟ್ಟಿಯಾಗಿ ತಬ್ಬಿಕೊಂಡು ಹೊರಟ. ಕಾರು ಮರೆಯಾದರೂ ಭಾವ ರಸ್ತೆ ನೋಡುತ್ತಲೇ ನಿಂತಿದ್ದರು. ಅಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡು ಗದರಿದಳು: "ಏನ್ರಿ, ಬಾಣಲ್ಯಾಗೆ ಸೀದು ಹೋಗ್ತಾವೆ! ಕೇಳ್ತೈತಾ ಇಲ್ವಾ?"

ಭಾವ ಬಲಗಿವಿಯನ್ನು ಅವಳತ್ತ ತಿರುಗಿಸಿದರು. "ಕೇಳ್ತು ಕಣೇ. ಇನ್ನೊಂದ್ಸಲ ಅನ್ನು."