ಆರಾಮಿಲ್ಲದ ಹೆಡ್‌ಮಾಸ್ತರರು

ಹುಮನಾಬಾದಿನಲ್ಲಿ ಬಸ್ಸಿಳಿದವರನ್ನು ನಮ್ಮವರು ಮೊದಲು ಕೇಳುವುದು ‘ಆರಾಮ ಇದ್ದೀರಿ?’ ಎಂದು, ಊರು, ಉದ್ಯೋಗ, ಮಕ್ಕಳ ಮದುವೆಗಳೆಲ್ಲ ಅದರ ಬೆನ್ನಿಗೆ. ಆರಾಮಿಲ್ಲವೆಂದರೆ ನಮ್ಮಲ್ಲಿ ಜ್ವರವೋ ಕೆಮ್ಮೋ ಬಂದು ಮಲಗಿದ್ದಾರೆಂದೇ ಅರ್ಥ. ಬಿಡುವಿಲ್ಲವೆಂದು ತಿಳಿದಿರೋ, ಕೆಟ್ಟಿರಿ.

ಹಾಗೆ ತಿಳಿದು ಕೆಟ್ಟವರೊಬ್ಬರ ಪುಣ್ಯದಿಂದಲೇ ನನ್ನ ಸೋದರಮಾವ ಶರಣಪ್ಪ ಮಾಸ್ತರರು ಸಿನಿಮಾಕ್ಕೆ ಹಾಸ್ಯ ಬರೆಯುವವರಾದರು. ನಾಡು ಒಂದಾದ ಹೊಸತರಲ್ಲಿ ಮೈಸೂರು ಕಡೆಯ ಇನ್‌ಸ್ಪೆಕ್ಟರರು ಅವರ ಶಾಲೆಯ ತಪಾಸಣೆಗೆ ಬಂದ ದಿನ ಹೆಡ್‌ಮಾಸ್ತರರು ಚಳಿಜ್ವರದಲ್ಲಿ ನಡುಗುತ್ತಿದ್ದರು. ಜವಾನ ವಿನಯದಿಂದ ‘ಸಾಹೇಬರಿಗೆ ಭಾಳ ಆರಾಮಿಲ್ರಿ’ ಎಂದ. ಇಷ್ಟು ದುಡಿಯುವ ಮನುಷ್ಯನನ್ನು ತಾವು ಕಂಡೇ ಇಲ್ಲವೆಂದು ಕೊಂಡಾಡಿ, ಅವರ ಕೆಲಸ ಕೆಡಿಸಬಾರದೆಂದು ಇನ್‌ಸ್ಪೆಕ್ಟರರು ಬಂದ ದಾರಿಯಲ್ಲೇ ಹಿಂದಿರುಗಿದರಂತೆ.

ಮಾಮಾ ಇದನ್ನು ಶಾಲೆಯ ನಾಟಕಕ್ಕೆ ಬರೆದರು. ನೆಂಟರ ಮನೆಗೆಂದು ಊರಿಗೆ ಬಂದು ಅದನ್ನು ನೋಡಿ ಹೊಟ್ಟೆ ಹಿಡಿದುಕೊಂಡು ನಕ್ಕ ನಿರ್ಮಾಪಕರೊಬ್ಬರು ಮದರಾಸಿನಲ್ಲಿ ತಾವು ತೆಗೆಯುತ್ತಿದ್ದ ಚಿತ್ರಕ್ಕೆ ಆ ದೃಶ್ಯವನ್ನೇ ಕೇಳಿ ಪಡೆದರು. ಚಿತ್ರ ನಮ್ಮೂರಿಗೆ ಬಂದಾಗ ಬಸವಕಲ್ಯಾಣದ ಗಂಡನ ಮನೆಯಿಂದ ನಾನೂ ಓಡಿಬಂದೆ. ಹುಮನಾಬಾದಿನ ಟಾಕೀಸಿನ ಪರದೆಯ ಮೇಲೆ ಮಾಮಾನ ಹೆಸರು ಬಂದಾಗ ಬಿದ್ದ ಸಿಳ್ಳೆಗಳಿಗೆ ನನ್ನ ಕಣ್ಣು ತುಂಬಿತು. ಆದರೆ ಮದರಾಸಿನವರು ಮಾತನ್ನು ತಿದ್ದಿಬಿಟ್ಟಿದ್ದರು! ಜವಾನ ‘ಸಾಹೇಬರಿಗೆ ಹುಷಾರಿಲ್ಲ’ ಎನ್ನುತ್ತಾನೆ, ಇನ್‌ಸ್ಪೆಕ್ಟರರು ಆಹಾ ಎಂಥ ದುಡಿಮೆ ಎನ್ನುತ್ತಾರೆ. ಯಾರೂ ನಗಲಿಲ್ಲ. ಊರನ್ನೆಲ್ಲ ನಗಿಸಿದ್ದ ಮಾಮಾ ಅದೇ ಊರಿನ ನಡುವೆ ತಲೆ ತಗ್ಗಿಸಿ ಕೂತರು.

ಆಟ ಮುಗಿದದ್ದೇ ತಡ, ಮಾಮಾ ನೆಟ್ಟಗೆ ಯಂತ್ರದ ಕೋಣೆಗೆ ಹೋದರು. ಆಪರೇಟರನಿಗೆ ಹೇಳಿದ್ದು ಇಷ್ಟೇ: “ಜವಾನ ಬಾಯಿ ತೆಗದ ಕೂಡ್ಲೇ ಆವಾಜ ಬಂದ್ ಮಾಡ್ರಿ. ಮುಂದಿಂದು ನಾ ನೋಡ್ಕೋತೀನಿ.”

ಮುಂದಿನ ಆಟದಲ್ಲಿ ಪರದೆ ಮೂಕವಾಯಿತು. ಬೆಂಚಿನ ಸಾಲಿನಿಂದ ಎದ್ದು ನಿಂತ ಮಾಮಾ ಜವಾನನ ಮಾತನ್ನೂ ಇನ್‌ಸ್ಪೆಕ್ಟರರ ಮಾತನ್ನೂ ತಾವೇ, ಮೊದಲು ಬರೆದಿದ್ದ ಹಾಗೆಯೇ ಆಡಿದರು. ಟಾಕೀಸಿನ ತಗಡು ಹಾರಿಹೋಗುವ ಹಾಗೆ ಜನ ನಕ್ಕರು. ಉಳಿದೆಡೆ ಮಕಾಡೆ ಮಲಗಿದ ಆ ಚಿತ್ರಕ್ಕೆ ನಮ್ಮಲ್ಲಿ ಚಿಟಗುಪ್ಪ, ಘಾಟಬೋರಾಳಗಳಿಂದಲೂ ಬಂಡಿ ಕಟ್ಟಿಕೊಂಡು ಬಂದರು.

ಈ ಸೋಜಿಗವನ್ನು ನೋಡಲು ನಿರ್ಮಾಪಕರೇ ಬಂದರು, ನೋಡಿದರು, ಮತ್ತೆ ಹೊಟ್ಟೆ ಹಿಡಿದುಕೊಂಡು ನಕ್ಕರು. ಮುಂದಿನ ಚಿತ್ರದ ಹಾಸ್ಯವೆಲ್ಲ ನಿಮ್ಮದೇ ಮಾಸ್ತರೆ, ಆದರೆ ಎಲ್ಲರಿಗೂ ತಿಳಿಯುವ ಕನ್ನಡದಲ್ಲಿ ಬರೆಯಿರಿ, ನಿಮ್ಮ ಮಾತು ಮೈಸೂರಿನವರಿಗೆ ತಿಳಿಯುವುದಿಲ್ಲ ಎಂದರು. ಮಾಮಾ ಮದರಾಸಿಗೆ ಹೋಗಬೇಕೆಂದು ಎಷ್ಟು ಹಂಬಲಿಸಿದ್ದರೆಂಬುದು ಮನೆಯವರಿಗೆಲ್ಲ ಗೊತ್ತಿತ್ತು.

“ತಿಳೀಬಾರದ್ರೀ ಸಾಹೇಬ್ರ,” ಎಂದರು ಮಾಮಾ. “ಇನ್‌ಸ್ಪೆಕ್ಟರಿಗೆ ತಿಳೀಲಿಲ್ಲ ಅಂತನ ನಗಿ ಬಂತು.”

ನಿರ್ಮಾಪಕರಿಗೆ ಅದೂ ತಿಳಿಯಲಿಲ್ಲ. ಅವರ ಕಾರು ಹೊರಟುಹೋಯಿತು, ಮಾಮಾ ಮರುದಿನ ಎಂದಿನಂತೆ ಶಾಲೆಗೆ ಹೋದರು. ಪರದೆಯ ಮೇಲೆ ಆ ಹೆಸರು ಮತ್ತೆ ಬರಲಿಲ್ಲವೆಂದು ನನಗೆ ಇಂದಿಗೂ ಸಿಟ್ಟಿದೆ. ಮಾಮಾನಿಗೆ ಮಾತ್ರ ಒಂದು ದಿನವೂ ಇರಲಿಲ್ಲ.