ಅರ್ಮಾಂಡನಿಗೆ ನಾಲಿಗೆಯಾದವಳು

ಅಮೆರಿಕದ ಯಾಕಿಮಾ ಕಣಿವೆಯ ಮಾಕ್ಸಿ ಊರಿನಲ್ಲಿ, ಬಿಯರಿಗೆ ಹಾಕುವ ಹಾಪ್ಸ್ ಹೂವಿನ ಕಹಿ ಬಲ್ಲವರಿಗೇನೂ ಬರವಿಲ್ಲ. ಆದರೂ ಅರ್ಮಾಂಡ್ ತನ್ನ ಸಣ್ಣ ಬಿಯರ್ ಮನೆಯಲ್ಲಿ ತಯಾರಿಸುತ್ತಿದ್ದ ಬಿಯರಿಗೆ ಜನ ದೂರದಿಂದ ಬರುತ್ತಿದ್ದರು. ಒಂದು ಗುಟುಕು ಕುಡಿದರೆ ಮೊದಲು ಕಿತ್ತಳೆ ಸಿಪ್ಪೆ, ಆಮೇಲೆ ಪೈನ್ ಮರದ ಅಂಟಿನ ಘಮ. ಕೊನೆಗೆ ಶುದ್ಧ ಕಹಿಯೊಂದು ನಾಲಿಗೆಯ ಬುಡದಲ್ಲಿ ಗಳಿಗೆ ಹೊತ್ತು ನಿಂತು ಹೊರಟುಹೋಗುತ್ತಿತ್ತು. ಗಿರಾಕಿಗಳಿಗೆ ಸುರಿದು ಕೊಡುತ್ತಿದ್ದವಳು ತಂಗಿ ಲೊರೇನ್.

ಗಂಟಲ ಕ್ಯಾನ್ಸರಿಗೆ ರೇಡಿಯೇಶನ್ ಕರೆಂಟು ಕೊಡಿಸಿದ ಮೇಲೆ ಅರ್ಮಾಂಡ್ ಉಳಿದುಕೊಂಡ, ನಾಲಿಗೆಯ ರುಚಿ ಉಳಿಯಲಿಲ್ಲ. ಅಂದಿನಿಂದ ಪ್ರತಿ ಸಲ ಹೊಸ ಬಿಯರ್ ತಯಾರಾದಾಗಲೂ ತಂಗಿಯ ಕೈಗೆ ಲೋಟ ಕೊಟ್ಟು, "ಹೇಗಿದೆ, ಹೇಳು" ಅನ್ನುತ್ತಿದ್ದ.

ಮೊದಲ ಸಲ ನಿಜವಾಗಿಯೂ ಚೆನ್ನಾಗಿತ್ತು. ಎರಡನೇ ಸಲ ಕಹಿ ಒಂದು ಗುಲಗಂಜಿ ಹೆಚ್ಚಾಗಿತ್ತು. ಆಸ್ಪತ್ರೆಯಿಂದ ಕಡ್ಡಿಯಾಗಿ ಬಂದವನಿಗೆ ಹಾಗೆನ್ನಲು ಅವಳಿಗೆ ಬಾಯಿ ಬರಲಿಲ್ಲ. "ಚೆನ್ನಾಗಿದೆ" ಅಂದಳು. ಅವನು ಧೈರ್ಯ ತಂದುಕೊಂಡು ಮುಂದಿನ ಸಲ ಇನ್ನೊಂದು ಹಿಡಿ ಹಾಪ್ಸ್ ಹಾಕಿದ. ಬೇಸಿಗೆ ಮುಗಿಯುವ ಹೊತ್ತಿಗೆ ಕಿತ್ತಳೆಯೂ ಇಲ್ಲ, ಘಮವೂ ಇಲ್ಲ. ತೊಗಟೆ ಅಗಿದಂತೆ ಬಾಯೆಲ್ಲ ಒಗರು.

ಒಂದು ಮಧ್ಯಾಹ್ನ ಹಾಪ್ಸ್ ಬೆಳೆಗಾರ ಹಾರ್ಲನ್ ಲೋಟ ಕೆಳಗಿಟ್ಟ. "ಲೊರೇನ್, ಇದು ಬಿಯರೋ, ಜಂತುಹುಳದ ಔಷಧಿಯೋ?"

"ಮೆತ್ತಗೆ ಮಾತಾಡು. ಅವನು ಒಳಗಿದಾನೆ."

"ಕೇಳಿಸ್ಲಿ ಅಂತಾನೇ ಅಂದಿದ್ದು. ನಲವತ್ತು ವರ್ಷದ ಸ್ನೇಹ ನಂದು."

ಅರ್ಮಾಂಡ್ ಬಾಗಿಲಲ್ಲೇ ನಿಂತಿದ್ದ. ಹಾರ್ಲನ್ ಹೋದ ಮೇಲೆ ತಂಗಿಯ ಮುಂದೆ ಲೋಟ ಇಟ್ಟ.

"ಕುಡಿ. ಈಗ ನಿಜ ಹೇಳು."

"ಕಹಿ. ಬರೀ ಕಹಿ."

"ಯಾವತ್ತಿಂದ?"

"ವಸಂತದಿಂದ."

ಅವನು ಸ್ಟೂಲಿನ ಮೇಲೆ ಕೂತ. "ನಿನ್ನ ನಾಲಿಗೇನ ನಂಬಿದ್ದೆ ನಾನು."

"ನಿಂಗೆ ನೋವಾಗುತ್ತೆ ಅಂತ..."

"ಆಗ್ಲೇ ಹೇಳಿದ್ರೆ ಒಂದು ಹಿಡಿ ಕಡಿಮೆ ಹಾಕ್ತಿದ್ದೆ, ಅಷ್ಟೇ. ಇಬ್ಬರೂ ಸೇರಿ ಇನ್ನೂ ಹತ್ತು ವರ್ಷ ಮಾಡಬಹುದಿತ್ತು."

ಇನ್ನು ಮುಂದೆ ನಿಜವನ್ನೇ ಹೇಳುತ್ತೇನೆಂದು ಅವಳು ಗೋಗರೆದಳು. "ಹೇಳ್ತೀಯ. ಆದ್ರೆ ನಂಗೆ ನಂಬಿಕೆ ಬರಬೇಕಲ್ಲ" ಅಂದ. ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಅವಳಿಗೆ ಎಷ್ಟೋ ಹಗುರವಾಗುತ್ತಿತ್ತು.

ಹೂವಿನ ಕೊಯ್ಲಿನ ತಿಂಗಳಲ್ಲಿ ಅವನು ಬಿಯರ್ ಮನೆ ಮುಚ್ಚಿದ. ಪಾತ್ರೆ, ಪೀಪಾಯಿಗಳನ್ನೆಲ್ಲ ಪಕ್ಕದ ಊರಿನವರು ಕೊಂಡೊಯ್ದರು. ಅರ್ಮಾಂಡ್ ಈಗ ಹಾರ್ಲನ್ನನ ಲಾರಿ ಓಡಿಸುತ್ತಾನೆ. ಭಾನುವಾರ ಅಣ್ಣ ತಂಗಿ ಒಟ್ಟಿಗೆ ಊಟಕ್ಕೆ ಕೂರುತ್ತಾರೆ. ಮಳೆ, ಲಾರಿಯ ಟೈರು, ನೆರೆಮನೆಯ ನಾಯಿ, ಎಲ್ಲದರ ಮಾತೂ ಆಗುತ್ತದೆ. ಬಿಯರಿನ ಮಾತು ಇಬ್ಬರೂ ಎತ್ತುವುದಿಲ್ಲ.